ಕೆಸರಿನ ಅಯಸ್ಕಾಂತ, ಮಿದುಳಿನ ಅಯಸ್ಕಾಂತ

ಕೆರೆಯಂಚಿನ ಕೆಸರನ್ನು ನೀರಿನ ಸಮೇತ ಬಾಟಲಿಗೆ ತುಂಬಿ, ಕೆಲವು ದಿನ ಅಲುಗಾಡಿಸದೆ ಇಟ್ಟು, ಆಮೇಲೆ ಅದರ ಒಂದು ಹನಿಯನ್ನು ಸೂಕ್ಷ್ಮದರ್ಶಕದ ಕೆಳಗೆ ನೋಡಿದರೆ ನೂರಾರು ಸೂಕ್ಷ್ಮಜೀವಿಗಳು ಮನಬಂದಂತೆ ಓಡಾಡುವುದು ಕಾಣುತ್ತದೆ. ಪಕ್ಕದಲ್ಲಿ ಅಯಸ್ಕಾಂತದ ಪಟ್ಟಿಯೊಂದನ್ನು ಇಟ್ಟರೆ, ಎಲ್ಲವೂ ಅಲ್ಲ, ಕೆಲವು ಮಾತ್ರ ಒಂದೇ ದಿಕ್ಕಿಗೆ ಈಜತೊಡಗಿ ಹನಿಯ ಅಂಚಿಗೆ ಹೋಗಿ ಜಮಾಯಿಸುತ್ತವೆ. ಪಟ್ಟಿಯನ್ನು ತಿರುಗಿಸಿ ಇಟ್ಟರೆ ಅವೂ ಇದ್ದಲ್ಲೇ ತಿರುಗಿ, ಹನಿಯನ್ನು ದಾಟಿ ಎದುರಂಚಿಗೆ ಹೊರಡುತ್ತವೆ. ಇದಕ್ಕಿಂತ ಹೆಚ್ಚು ತೂಕದ್ದು ಮುಂದಿನ ಹಂತ. ಅವುಗಳನ್ನು ಸಾಯಿಸಿ ನೋಡಿದರೆ ಈಜು ನಿಲ್ಲುತ್ತದೆ, ತಿರುಗುವುದು ಮಾತ್ರ ನಿಲ್ಲುವುದಿಲ್ಲ. ಅಂದರೆ ಇಲ್ಲಿ ತಿರುಗಬೇಕೆಂದು ಯಾರೂ ‘ನಿರ್ಧರಿಸುತ್ತಿಲ್ಲ’. ಮೈಯೇ ದಿಕ್ಸೂಚಿಯ ಮುಳ್ಳಾಗಿದೆ. ಇಟಲಿಯ ಪಾವಿಯಾದಲ್ಲಿ ಸಾಲ್ವತೋರೆ ಬೆಲ್ಲಿನಿ 1963ರಲ್ಲೇ ಇದನ್ನು ಕಂಡು ಬರೆದಿಟ್ಟಿದ್ದರೂ ಜಗತ್ತು ಗಮನಿಸಲಿಲ್ಲ. 1975ರಲ್ಲಿ ಅಮೆರಿಕದ ವುಡ್ಸ್ ಹೋಲ್‌ನಲ್ಲಿ ರಿಚರ್ಡ್ ಬ್ಲೇಕ್‌ಮೋರ್ ಸ್ವತಂತ್ರವಾಗಿ ಕಂಡು ಪ್ರಕಟಿಸಿದ ಮೇಲೆ ಇದೊಂದು ಅಧ್ಯಯನ ಕ್ಷೇತ್ರವಾಯಿತು. ನಾಲ್ಕು ವರ್ಷದ ನಂತರ ಅವರೂ ಭೌತವಿಜ್ಞಾನಿ ರಿಚರ್ಡ್ ಫ್ರಾಂಕೆಲ್ಲರೂ ಸೇರಿ, ಈ ಮುಳ್ಳು ಮ್ಯಾಗ್ನಟೈಟ್ ಎಂಬ ಕಬ್ಬಿಣದ ಆಕ್ಸೈಡಿನದು ಎಂದು ತೋರಿಸಿದರು. ಬಳ್ಳಾರಿಯ ಕೆಂಪು ಹೆಮಟೈಟ್ ಅಲ್ಲ; 2005ರ ಕೊನೆಯವರೆಗೆ ಕುದುರೆಮುಖದಲ್ಲಿ ಅಗೆಯುತ್ತಿದ್ದ ಅದಿರಿನ ಕಪ್ಪು ಖನಿಜ ಇದು.

ಆ ಹೊತ್ತಿನಿಂದ ಇವತ್ತಿನವರೆಗೆ ಮ್ಯಾಗ್ನಟೈಟನ್ನು ಜೇನ್ನೊಣದ ಹೊಟ್ಟೆಯಲ್ಲಿ, ಪಾರಿವಾಳದ ಕೊಕ್ಕಿನಲ್ಲಿ, ಟ್ರೌಟ್ ಮೀನಿನ ಮೂಗಿನಲ್ಲಿ, ಕೊನೆಗೆ ಮನುಷ್ಯನ ಮಿದುಳಿನಲ್ಲಿಯೂ ಕಂಡೆವೆಂಬ ವರದಿಗಳು ಬಂದಿವೆ. ಈ ವರದಿಗಳನ್ನು ಸಾಲಾಗಿ ಇಟ್ಟು ಓದಿದವರಿಗೆ ಒಂದು ತೀರ್ಮಾನ ತಾನಾಗಿಯೇ ನಾಲಿಗೆಯ ತುದಿಗೆ ಬರುತ್ತದೆ: ಅಯಸ್ಕಾಂತ ಕಟ್ಟುವ ವಂಶವಾಹಿಗಳು ಬ್ಯಾಕ್ಟೀರಿಯಾದಿಂದ ಮನುಷ್ಯನವರೆಗೆ ಹರಿದುಬಂದಿವೆ, ನಾವೆಲ್ಲ ಹುಟ್ಟಿನಿಂದಲೇ ಒಂದಿಷ್ಟು ಅಯಸ್ಕಾಂತವನ್ನು ಹೊತ್ತವರು. ಇದನ್ನು ಗಂಭೀರವಾಗಿ ಪ್ರತಿಪಾದಿಸುವ ವಿಜ್ಞಾನಿಗಳೂ ಇದ್ದಾರೆ, ಇದರ ಬೆನ್ನು ಹಿಡಿದು ಅಯಸ್ಕಾಂತದ ಬಳೆ, ಹಾಸಿಗೆ ಮಾರುವವರೂ ಇದ್ದಾರೆ. ಎರಡನೆಯವರನ್ನು ಬಿಟ್ಟುಬಿಡೋಣ. ಮೊದಲನೆಯವರ ವಾದವನ್ನೇ ಎದುರಿಗಿಟ್ಟುಕೊಂಡು ನಾನು ಹೇಳಹೊರಟಿರುವುದು ಇಷ್ಟು: ದೇಹದೊಳಗೆ ಮ್ಯಾಗ್ನಟೈಟ್ ಸಿಗುವುದು ಅಗ್ಗದ ಸಾಕ್ಷ್ಯ. ಅದಕ್ಕೆ ವಂಶವಾಹಿಯ ನಂಟು ಇದೆ ಎನ್ನಬೇಕಾದರೆ ಮೂರು ಪರೀಕ್ಷೆ ಗೆಲ್ಲಬೇಕು. ಜೀನನ್ನು ತೆಗೆದರೆ ಹರಳು ಹೋಗಬೇಕು. ಜೀನನ್ನು ಇಲ್ಲದವರಿಗೆ ಕೊಟ್ಟರೆ ಹರಳು ಬರಬೇಕು. ಬಂದ ಹರಳು ಭೂಮಿಯ ಕ್ಷೀಣ ಕಾಂತಕ್ಷೇತ್ರದಲ್ಲಿ ಕೆಲಸ ಮಾಡುವಷ್ಟು ದೊಡ್ಡದಿರಬೇಕು. ಬ್ಯಾಕ್ಟೀರಿಯಾ ಮೂರನ್ನೂ ಗೆದ್ದಿದೆ. ಬೆನ್ನೆಲುಬಿನ ಪ್ರಾಣಿಗಳಲ್ಲಿ ಒಂದೂ ಇನ್ನೂ ಗೆದ್ದಿಲ್ಲ.

ಮೂರನೆಯ ಪರೀಕ್ಷೆಯಿಂದಲೇ ಶುರುಮಾಡುವುದು ಒಳ್ಳೆಯದು, ಏಕೆಂದರೆ ಅದು ಬರೀ ಲೆಕ್ಕ, ಯಾರ ಅಭಿಪ್ರಾಯವೂ ಅಲ್ಲ. ಮ್ಯಾಗ್ನಟೈಟ್ ಹರಳು ತೀರ ಚಿಕ್ಕದಾದರೆ, ಅಂದರೆ ಸುಮಾರು 30 ನ್ಯಾನೋಮೀಟರಿಗಿಂತ ಕಡಿಮೆಯಾದರೆ, ಸಾಧಾರಣ ಬಿಸಿಯ ತಳಮಳಕ್ಕೇ ಅದರ ಕಾಂತದಿಕ್ಕು ಕ್ಷಣಕ್ಷಣಕ್ಕೂ ಮಗುಚುತ್ತಿರುತ್ತದೆ. ತೀರ ದೊಡ್ಡದಾದರೆ ಒಳಗೇ ಹಲವು ವಲಯಗಳಾಗಿ ಒಡೆದು ಒಂದರ ಬಲವನ್ನು ಇನ್ನೊಂದು ಕಳೆಯುತ್ತದೆ. ಇವೆರಡರ ನಡುವಿನ ಕಿರಿದಾದ ಅಳತೆಯಲ್ಲಿ ಮಾತ್ರ ಇಡೀ ಹರಳು ಒಂದೇ ಅಯಸ್ಕಾಂತವಾಗಿ ನಿಲ್ಲುತ್ತದೆ. ಬ್ಯಾಕ್ಟೀರಿಯಾದ ಹರಳುಗಳು ಬಹುಪಾಲು 35ರಿಂದ 120 ನ್ಯಾನೋಮೀಟರಿನೊಳಗೆ, ಸರಿಯಾಗಿ ಅಲ್ಲಿಯೇ ಇವೆ. ಈಗ 50 ನ್ಯಾನೋಮೀಟರು ಅಂಚಿನ ಒಂದು ಹರಳನ್ನು ತೆಗೆದುಕೊಳ್ಳಿ. ಅದರಲ್ಲಿ ಹೆಚ್ಚುಕಡಿಮೆ 50 ಲಕ್ಷ ಕಬ್ಬಿಣದ ಪರಮಾಣುಗಳಿರುತ್ತವೆ. 50 ಮೈಕ್ರೋಟೆಸ್ಲಾದ ಭೂಕ್ಷೇತ್ರ ಅದನ್ನು ಹಿಡಿದು ನಿಲ್ಲಿಸುವ ಶಕ್ತಿ, ಬಿಸಿ ಅದನ್ನು ಅಲುಗಾಡಿಸುವ ಶಕ್ತಿಯ ಮುಕ್ಕಾಲು ಪಾಲಿನಷ್ಟೂ ಆಗುವುದಿಲ್ಲ. ಅಂದರೆ 50 ಲಕ್ಷ ಪರಮಾಣು ಸಾಲದು! ಬ್ಯಾಕ್ಟೀರಿಯಾ ಇಂಥ 20 ಹರಳುಗಳನ್ನು ಒಂದೇ ಸಾಲಿನಲ್ಲಿ, ತಲೆಗೆ ಬಾಲ ಕೂಡಿಸಿ ಜೋಡಿಸಿಕೊಂಡಾಗ ಭೂಕ್ಷೇತ್ರದ ಕೈ ಹದಿನಾಲ್ಕು ಪಟ್ಟು ಮೇಲಾಗುತ್ತದೆ. ಹಾಗಾಗಿ ಖನಿಜ ಇದ್ದರೆ ಆಗಲಿಲ್ಲ; ಅಳತೆ ಬೇಕು, ಆಕಾರ ಬೇಕು, ಸಾಲು ಬೇಕು. ಇಷ್ಟೊಂದು ಕಟ್ಟುಪಾಡು ತಾನಾಗಿ ಆಗುವಂಥದ್ದಲ್ಲ, ಅದನ್ನು ಯಾವುದೋ ಬರೆಹ ನಡೆಸುತ್ತಿರಬೇಕು ಎಂಬ ಅನುಮಾನ ಹುಟ್ಟಿದ್ದೂ ಇಲ್ಲಿಂದಲೇ.

ಆ ಬರೆಹ ಸಿಕ್ಕಿದ ರೀತಿ ಸ್ವಾರಸ್ಯಕರ. ಜರ್ಮನಿಯ ಗ್ರೈಫ್ಸ್‌ವಾಲ್ಡ್ ಬಳಿಯ ನದಿಯ ಕೆಸರಿನಿಂದ ಡಿರ್ಕ್ ಶ್ಯೂಲರ್ ಬೇರ್ಪಡಿಸಿದ ಮ್ಯಾಗ್ನಿಟೋಸ್ಪಿರಿಲಮ್ ತಳಿಯೊಂದು ಪ್ರಯೋಗಾಲಯದಲ್ಲಿ ಬೆಳೆಯುತ್ತ ಬೆಳೆಯುತ್ತ ಆಗಾಗ ತನ್ನ ಕಾಂತಗುಣವನ್ನು ಕಳೆದುಕೊಳ್ಳುತ್ತಿತ್ತು. ಹೀಗೆ ಸಪ್ಪೆಯಾದ ತಳಿಯ ಡಿಎನ್‌ಎಯನ್ನು ಮೂಲ ತಳಿಯ ಪಕ್ಕದಲ್ಲಿಟ್ಟು ನೋಡಿದಾಗ ಒಂದು ದೊಡ್ಡ ತುಂಡೇ ಕಾಣೆಯಾಗಿತ್ತು. ಇದು ಪ್ರಕಟವಾದದ್ದು 2003ರಲ್ಲಿ. ಹರಳು ಕಟ್ಟುವ ಜೀನುಗಳು ಜೀನೋಮಿನಲ್ಲಿ ಚದುರಿ ಬಿದ್ದಿಲ್ಲ, ಒಂದೇ ಜಾಗದಲ್ಲಿ ದ್ವೀಪದ ಹಾಗೆ ಗುಂಪುಗೂಡಿವೆ ಎಂದು ಗೊತ್ತಾದದ್ದು ಹೀಗೆ. ಆಮೇಲೆ ಒಂದೊಂದೇ ಜೀನನ್ನು ಕಿತ್ತು ನೋಡುವ ಕೆಲಸ ನಡೆಯಿತು. ಕೆಲವನ್ನು ಕಿತ್ತರೆ ಜೀವಕೋಶದ ಒಳಪೊರೆ ಮಡಿಚಿ ಚೀಲವಾಗುವುದೇ ನಿಲ್ಲುತ್ತದೆ. ಮ್ಯಾಮ್-ಬಿ, ಮ್ಯಾಮ್-ಎಂ ಎಂಬ ಸಾಗಣೆಯ ಪ್ರೋಟೀನುಗಳಿಲ್ಲದೆ ಹೋದರೆ ಚೀಲದೊಳಗೆ ಹರಳು ಕಟ್ಟುವುದಿಲ್ಲ. ನನಗೆ ಬಹಳ ಹಿಡಿಸಿದ್ದು ಮ್ಯಾಮ್-ಜೆ. ಇದನ್ನು ತೆಗೆದರೆ ಹರಳುಗಳು ಎಂದಿನಂತೆ ಹುಟ್ಟುತ್ತವೆ, ಅಳತೆಯೂ ಸರಿಯಿರುತ್ತದೆ, ಆದರೆ ಸಾಲು ಕಟ್ಟದೆ ಒಂದು ಮುದ್ದೆಯಾಗಿ ಕೂತುಬಿಡುತ್ತವೆ; ಹರಳುಗಳನ್ನು ಮ್ಯಾಮ್-ಕೆ ಎಂಬ ಎಳೆಗೆ ಕಟ್ಟುವ ಕೊಕ್ಕೆ ಅದು. ಖನಿಜವೆಲ್ಲ ಇದ್ದೂ ದಿಕ್ಕು ಹಿಡಿಯುವ ಶಕ್ತಿ ಕುಂದುವ ಈ ತಳಿ, ಖನಿಜದ ಇರವು ಮತ್ತು ಕಾಂತಪ್ರಜ್ಞೆ ಎಷ್ಟು ಬೇರೆಬೇರೆ ಎಂಬುದಕ್ಕೆ ಜೀವಂತ ಉದಾಹರಣೆ. ಕೊನೆಯ ಸುತ್ತು 2014ರಲ್ಲಿ ಮುಗಿಯಿತು. ಸುಮಾರು 30 ಜೀನುಗಳನ್ನು ಹುಟ್ಟಾ ಕಾಂತಗುಣವಿಲ್ಲದ ರೋಡೋಸ್ಪಿರಿಲಮ್ ರೂಬ್ರಮ್ ಎಂಬ ಇನ್ನೊಂದು ಬ್ಯಾಕ್ಟೀರಿಯಾಕ್ಕೆ ವರ್ಗಾಯಿಸಿದಾಗ ಅದೂ ಚೀಲ ಕಟ್ಟಿ, ಹರಳು ಬೆಳೆಸಿ, ಸಾಲು ಜೋಡಿಸಿತು. ತೆಗೆದರೆ ಹೋಯಿತು, ಕೊಟ್ಟರೆ ಬಂತು.

ಹೀಗೆ ಕಡ್ಡಿ ತುಂಡು ಮಾಡಿದಂತೆ ಹೇಳಲು ಏಕೆ ಇಷ್ಟು ಕಷ್ಟಪಡಬೇಕು, ಕಾಂತಬ್ಯಾಕ್ಟೀರಿಯಾದಲ್ಲಿ ಸಿಕ್ಕಿದ ಕಬ್ಬಿಣದ ಜೀನು ಅಂದಮೇಲೆ ಅದು ಕಾಂತದ ಜೀನೇ ಅಲ್ಲವೇ ಎಂದು ಕೇಳಬಹುದು. ಇದಕ್ಕೆ ಮ್ಯಾಗ್-ಎ ಎಂಬ ಜೀನಿನ ಕತೆಯೇ ಸಾಕು. ಜಪಾನಿನಲ್ಲಿ 1990ರ ದಶಕದಲ್ಲಿ ಕಾಂತಬ್ಯಾಕ್ಟೀರಿಯಾದಿಂದ ಗುರುತಿಸಿದ ಇದು ಕಬ್ಬಿಣ ಸಾಗಿಸುವ ಪ್ರೋಟೀನಿನದು, ಆದ್ದರಿಂದ ಹರಳಿಗೆ ಕಬ್ಬಿಣ ಒದಗಿಸುವುದು ಇದೇ ಎಂದು ನಂಬಲಾಯಿತು. ನಂಬಿಕೆ ಎಷ್ಟು ಗಟ್ಟಿಯಾಯಿತೆಂದರೆ, ಈ ಜೀನನ್ನು ಸಸ್ತನಿಗಳ ಜೀವಕೋಶಕ್ಕೆ ಸೇರಿಸಿ ಎಂಆರ್‌ಐ ಚಿತ್ರದಲ್ಲಿ ಆ ಜೀವಕೋಶಗಳು ಎದ್ದು ಕಾಣುವಂತೆ ಮಾಡುವ ಪ್ರಯೋಗಗಳು ಬಂದವು, ಪ್ರಬಂಧಗಳಾದವು. 2012ರಲ್ಲಿ ಶ್ಯೂಲರ್ ಬಳಗವೂ ಸೇರಿದ್ದ ತಂಡವೊಂದು ಬ್ಯಾಕ್ಟೀರಿಯಾದಿಂದಲೇ ಈ ಜೀನನ್ನು ಅಳಿಸಿ ನೋಡಿತು. ಹರಳುಗಳು ಏನೂ ಆಗದವರಂತೆ ಹಾಗೆಯೇ ಹುಟ್ಟಿದವು. ಹೆಸರಿನಲ್ಲಿ ಅಯಸ್ಕಾಂತವಿದ್ದ ಜೀನಿಗೆ ಅಯಸ್ಕಾಂತ ಕಟ್ಟುವುದರಲ್ಲಿ ಪಾತ್ರವೇ ಇರಲಿಲ್ಲ. ಒಂದೇ ಒಂದು ಅಳಿಸುವ ಪ್ರಯೋಗ ಮೊದಲೇ ನಡೆದಿದ್ದರೆ ಎಷ್ಟೋ ವರ್ಷಗಳ ಶ್ರಮ ಬೇರೆ ದಾರಿ ಹಿಡಿಯುತ್ತಿತ್ತು.

ಈಗ ಪ್ರಾಣಿಗಳ ಕಡೆ ಬರೋಣ. ಪಾರಿವಾಳದ ಮೇಲ್ಕೊಕ್ಕಿನಲ್ಲಿ ಆರು ನಿಗದಿತ ಜಾಗಗಳಲ್ಲಿ ಮ್ಯಾಗ್ನಟೈಟ್ ತುಂಬಿದ ನರತುದಿಗಳಿವೆ ಎಂಬ ವಾದ 2003ರ ಹೊತ್ತಿಗೆ ಪಠ್ಯಪುಸ್ತಕದ ಬಾಗಿಲಿಗೆ ಬಂದಿತ್ತು. ವಿಯೆನ್ನಾದ ಡೇವಿಡ್ ಕೀಸ್ ತಂಡ ಆ ಜಾಗಗಳನ್ನೇ ಹುಡುಕಿ ಹೊರಟು, ಬಹಳಷ್ಟು ಪಾರಿವಾಳಗಳ ಕೊಕ್ಕನ್ನು ತೆಳ್ಳಗೆ ಸೀಳಿ, ಕಬ್ಬಿಣಕ್ಕೆ ಹತ್ತುವ ಪ್ರಶ್ಯನ್ ನೀಲಿಯಲ್ಲಿ ಅದ್ದಿ ನೋಡಿತು. ನೀಲಿ ಚುಕ್ಕೆಗಳೇನೋ ಕಂಡವು. ಆದರೆ ಒಂದು ಹಕ್ಕಿಯಲ್ಲಿ ಕೆಲವೇ ನೂರು, ಇನ್ನೊಂದರಲ್ಲಿ ಹತ್ತಾರು ಸಾವಿರ. ಆರು ಜಾಗಗಳ ಲೆಕ್ಕಾಚಾರವಂತೂ ಎಲ್ಲೂ ಕೂಡಿಬರಲಿಲ್ಲ. ಜ್ಞಾನೇಂದ್ರಿಯವೊಂದು ಹೀಗೆ ಹಕ್ಕಿಯಿಂದ ಹಕ್ಕಿಗೆ ನೂರು ಪಟ್ಟು ಹೆಚ್ಚುಕಡಿಮೆಯಾಗುವುದುಂಟೇ? ಹತ್ತಿರದಿಂದ ಪರೀಕ್ಷಿಸಿದಾಗ ಅವು ನರಕೋಶಗಳೇ ಆಗಿರಲಿಲ್ಲ. ಹಳೆಯ ಕೆಂಪು ರಕ್ತಕಣಗಳನ್ನು ನುಂಗಿ ಕಬ್ಬಿಣವನ್ನು ಮರುಬಳಕೆಗೆ ಒದಗಿಸುವ, ರೋಗನಿರೋಧಕ ವ್ಯವಸ್ಥೆಯ ಮ್ಯಾಕ್ರೋಫೇಜುಗಳು. 2012ರ ಈ ವರದಿ ಆ ಕ್ಷೇತ್ರಕ್ಕೆ ತಣ್ಣೀರೆರಚಿತು. ಟ್ರೌಟ್ ಮೀನಿನ ಮೂಗಿನ ‘ಕಾಂತಕೋಶ’ಗಳ ಕುರಿತೂ 2015ರಲ್ಲಿ ಅದೇ ಬಗೆಯ ಫಲಿತಾಂಶ ಬಂತು: ತಿರುಗುವ ಕಾಂತಕ್ಷೇತ್ರದಲ್ಲಿ ಕೋಶಗಳು ತಿರುಗಿದವು ನಿಜ, ಆದರೆ ಕಬ್ಬಿಣ ಇದ್ದದ್ದು ಕೋಶದ ಹೊರಮೈಗೆ ಅಂಟಿದ ಕೊಳೆಯಲ್ಲಿ. ಪ್ರಯೋಗಾಲಯದ ದೂಳು, ಉಕ್ಕಿನ ಚಾಕು, ಪ್ಲಾಸ್ಟಿಕ್ ಪಾತ್ರೆ, ಎಲ್ಲದರಲ್ಲೂ ಕಾಂತೀಯ ಕಣಗಳಿರುತ್ತವೆ ಎಂದು ಮ್ಯಾಗ್ನಟೈಟ್ ಪಕ್ಷದ ದೊಡ್ಡ ವಕೀಲರಾದ ಕ್ಯಾಲ್ಟೆಕ್‌ನ ಜೋಸೆಫ್ ಕಿರ್ಶ್‌ವಿಂಕ್ ಅವರೇ 1990ರ ದಶಕದಲ್ಲಿ ಎಚ್ಚರಿಸಿದ್ದರು. ಅದು ಅವರ ಪ್ರಾಮಾಣಿಕತೆ.

ಮನುಷ್ಯನ ಮಿದುಳಿನಲ್ಲಿ ಮ್ಯಾಗ್ನಟೈಟ್ ಇದೆ ಎಂದು 1992ರಲ್ಲಿ ತೋರಿಸಿದವರೂ ಅವರೇ. ಮಿದುಳಿನ ಹೆಚ್ಚಿನ ಭಾಗಗಳಲ್ಲಿ ಗ್ರಾಮಿಗೆ ಕನಿಷ್ಠ 50 ಲಕ್ಷ ಹರಳುಗಳೆಂದು ಅವರ ಅಂದಾಜು. ಕೆಲವು ಹರಳುಗಳ ಆಕಾರ ಬ್ಯಾಕ್ಟೀರಿಯಾದ್ದನ್ನು ಹೋಲುತ್ತಿತ್ತು, ಆದ್ದರಿಂದ ಇವು ದೇಹದೊಳಗೇ ಹುಟ್ಟಿದವು ಎಂದರು. 50 ಲಕ್ಷ ಎಂಬುದು ಕೇಳಲು ಭಾರಿ ಸಂಖ್ಯೆ, ತೂಕದಲ್ಲಿ ಮಾತ್ರ ಗ್ರಾಮಿನ ನೂರು ಕೋಟಿಯಲ್ಲಿ ಕೆಲವೇ ಪಾಲು. 2016ರಲ್ಲಿ ಇಂಗ್ಲೆಂಡಿನ ಲ್ಯಾಂಕಾಸ್ಟರ್‌ನ ಬಾರ್ಬರಾ ಮಾಹೆರ್ ಮತ್ತು ಸಂಗಡಿಗರು ಮೆಕ್ಸಿಕೋ ನಗರ ಹಾಗೂ ಮ್ಯಾಂಚೆಸ್ಟರಿನ 37 ಜನರ ಮಿದುಳಿನ ತುಣುಕುಗಳನ್ನು ಪರೀಕ್ಷಿಸಿದಾಗ ಬೇರೆಯೇ ಚಿತ್ರ ಕಂಡಿತು. ಮೂಲೆ ಚೂಪಾದ ಹರಳುಗಳ ಜೊತೆಗೆ ಅವುಗಳಿಗಿಂತ ಬಹಳ ಹೆಚ್ಚು ಗುಂಡನೆಯ ಕಣಗಳು, ಕರಗಿ ತಣಿದಂಥ ಮೈ, ಜೊತೆಯಲ್ಲಿ ಪ್ಲಾಟಿನಮ್, ನಿಕಲ್, ಕೋಬಾಲ್ಟಿನ ಕಣಗಳು. ಜೀವಕೋಶದ ಚೀಲದಲ್ಲಿ ಹೀಗೆ ಕರಗುವಷ್ಟು ಶಾಖವಿಲ್ಲ. ಎಂಜಿನ್ನಿನ ಉರಿಯಲ್ಲಿ, ಬ್ರೇಕಿನ ಉಜ್ಜಾಟದಲ್ಲಿ ಇದೆ. ಉಸಿರಿನ ದಾರಿಯಲ್ಲಿ, ಮೂಗಿನ ಘ್ರಾಣನರದ ಮೂಲಕ ಈ ಕಣಗಳು ಮಿದುಳು ಸೇರಿರಬಹುದೆಂದು ಅವರ ವಾದ. ಬೆಂಗಳೂರಿನ ಸಿಲ್ಕ್ ಬೋರ್ಡ್ ಸಿಗ್ನಲ್ಲಿನಲ್ಲಿ ದಿನವೂ ನಿಂತು ಹೋಗುವವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ವಂಶದ ಗುರುತೆಂದು ಓದಿದ್ದರಲ್ಲಿ ದೊಡ್ಡ ಪಾಲು ರಸ್ತೆಯ ಗುರುತಾಗಿರಬಹುದು.

ಇದಕ್ಕೊಂದು ಒಳ್ಳೆಯ ಆಕ್ಷೇಪವಿದೆ. 2018ರಲ್ಲಿ ಮ್ಯೂನಿಕ್‌ನ ತಂಡವೊಂದು ಏಳು ಮಿದುಳುಗಳನ್ನು ನೂರಾರು ತುಂಡು ಮಾಡಿ ಅಳೆದಾಗ ಮಿದುಳುಕಾಂಡ ಮತ್ತು ಕಿರುಮಿದುಳಿನಲ್ಲಿ ಕಾಂತೀಯತೆ ಹೆಚ್ಚು, ಹೊರಪದರದಲ್ಲಿ ಕಡಿಮೆ ಎಂಬ ಒಂದೇ ವಿನ್ಯಾಸ ಏಳರಲ್ಲೂ ಕಂಡಿತು. ಬರೀ ಮಾಲಿನ್ಯವಾದರೆ ಹೀಗೆ ಒಂದೇ ಅಚ್ಚು ಬರುತ್ತಿತ್ತೇ? ಪ್ರಶ್ನೆ ನ್ಯಾಯವಾದದ್ದು, ಮತ್ತು ಎಲ್ಲವೂ ಹೊರಗಿನದೇ ಎಂದು ಹೇಳಲು ಇದು ಅಡ್ಡಿ ಮಾಡುತ್ತದೆ. ಆದರೆ ವಿನ್ಯಾಸವನ್ನು ವಂಶವಾಹಿಯ ಸಹಿ ಎಂದು ಓದಲು ಇನ್ನೂ ಬಹಳ ದೂರವಿದೆ. ಎಲ್ಲರ ಮಿದುಳಿನಲ್ಲೂ ಕೆಲವು ಭಾಗಗಳಲ್ಲಿ ಸಾಧಾರಣ ಕಬ್ಬಿಣವೇ ಹೆಚ್ಚು ಸೇರುತ್ತದೆ, ವಯಸ್ಸಾದಂತೆ ಇನ್ನಷ್ಟು ಸೇರುತ್ತದೆ; ಅದಕ್ಕೆ ಕಾಂತದ ಜೀನು ಬೇಕಿಲ್ಲ, ರಕ್ತದ ಹರಿವು, ಕೋಶಗಳ ಬಗೆ, ಕಸ ತೆಗೆಯುವ ವೇಗ ಇಷ್ಟಿದ್ದರೆ ಸಾಕು. ಮೇಲಾಗಿ ಸಾಲು ಎಲ್ಲಿದೆ? ಕಬ್ಬಿಣವನ್ನು ಹಿಡಿದಿಡುವ ಚೀಲ, ಅದನ್ನು ಕಟ್ಟುವ ನರ ಎಲ್ಲಿ?

ಪ್ರಾಣಿಗಳಿಗೆ ಮ್ಯಾಗ್ನಟೈಟ್ ಕಟ್ಟುವ ಸಾಮರ್ಥ್ಯವೇ ಇಲ್ಲ ಎಂದು ನಾನು ಹೇಳುತ್ತಿಲ್ಲ. ಇದೆ, ಅದೂ ಬ್ಯಾಕ್ಟೀರಿಯಾದ ಸುದ್ದಿ ಬರುವ ಮೊದಲೇ ಗೊತ್ತಿತ್ತು. ಕಡಲಂಚಿನ ಬಂಡೆಗೆ ಅಂಟಿ ಬಾಳುವ ಕೈಟನ್ ಎಂಬ ಮೃದ್ವಂಗಿ ಬಂಡೆಯ ಮೇಲಿನ ಪಾಚಿಯನ್ನು ಕೆರೆದು ತಿನ್ನುತ್ತದೆ. ಅದರ ಹಲ್ಲುಗಳಿಗೆ ಮ್ಯಾಗ್ನಟೈಟಿನ ಕವಚವಿದೆ ಎಂದು ಹೈನ್ಜ್ ಲೋವೆನ್‌ಸ್ಟಾಮ್ 1962ರಲ್ಲಿ ತೋರಿಸಿದರು. ಜೀವಿಯೊಂದು ಮ್ಯಾಗ್ನಟೈಟ್ ತಯಾರಿಸುತ್ತದೆ ಎಂಬುದರ ಮೊದಲ ಪುರಾವೆ ಅದು. ಸವೆದ ಹಲ್ಲಿನ ಸಾಲು ಉದುರುತ್ತಿದ್ದ ಹಾಗೆ ಹಿಂದಿನಿಂದ ಹೊಸ ಸಾಲು ಬರುತ್ತಲೇ ಇರುತ್ತದೆ, ಹಾಗಾಗಿ ಒಂದೇ ನಾಲಿಗೆಯ ಮೇಲೆ ಹಲ್ಲು ಹುಟ್ಟುವ ಎಲ್ಲ ಹಂತಗಳನ್ನೂ ಓದಬಹುದು: ಮೊದಲು ಬಣ್ಣವಿಲ್ಲದ ಕೈಟಿನ್ ಚೌಕಟ್ಟು, ಆಮೇಲೆ ಅದರ ಮೇಲೆ ಫೆರಿಹೈಡ್ರೈಟ್ ಎಂಬ ಕಂದು ಬಣ್ಣದ ಕಬ್ಬಿಣದ ಖನಿಜ, ಕೊನೆಗೆ ಅದೇ ಕಪ್ಪು ಮ್ಯಾಗ್ನಟೈಟಾಗಿ ಮಾರ್ಪಡುವುದು. ನಿಸ್ಸಂಶಯವಾಗಿ ಇದು ವಂಶವಾಹಿಗಳ ಹತೋಟಿಯಲ್ಲಿ ನಡೆಯುವ ಕೆಲಸ. ಆದರೆ ದಾರಿ ಬ್ಯಾಕ್ಟೀರಿಯಾದ ದಾರಿಯಲ್ಲ, ಗುರಿಯೂ ದಿಕ್ಕಲ್ಲ, ಗಡಸುತನ. ಈ ಉದಾಹರಣೆಯನ್ನು ‘ಒಂದೇ ವಂಶಧಾರೆ’ಯ ವಾದಕ್ಕೆ ಬಳಸುವವರು ಅದು ಆ ವಾದವನ್ನೇ ಕಡಿಯುತ್ತದೆ ಎಂಬುದನ್ನು ಗಮನಿಸಿದಂತಿಲ್ಲ. ಪ್ರಾಣಿಯೊಂದು ಸ್ವಂತ ದಾರಿಯಲ್ಲಿ ಮ್ಯಾಗ್ನಟೈಟ್ ಕಂಡುಕೊಳ್ಳಬಲ್ಲದಾದರೆ, ಹರಳಿನ ಹೋಲಿಕೆಯಿಂದ ಜೀನಿನ ನೆಂಟಸ್ತಿಕೆಯನ್ನು ಊಹಿಸುವ ಹಾಗಿಲ್ಲ.

ನೆಂಟಸ್ತಿಕೆಯ ವಾದದ ಅತಿ ಬಲವಾದ ರೂಪ 2022ರಲ್ಲಿ ಬಂತು. ಸಾಲ್ಮನ್ ಮೀನಿನ ಘ್ರಾಣಪೊರೆಯ ಕಾಂತೀಯ ಕೋಶಗಳನ್ನು ಆಯ್ದು, ಅವುಗಳಲ್ಲಿ ಚುರುಕಾಗಿರುವ ಜೀನುಗಳನ್ನು ಪಟ್ಟಿಮಾಡಿ, ಬ್ಯಾಕ್ಟೀರಿಯಾದ ಹರಳುಜೀನುಗಳನ್ನು ಹೋಲುವ ಹಲವು ಅವುಗಳಲ್ಲಿವೆ ಎಂದು ಒಂದು ತಂಡ ವರದಿ ಮಾಡಿತು. ಜೀವಲೋಕದ ಎಲ್ಲ ಕವಲುಗಳಲ್ಲೂ ಇವು ಉಳಿದುಬಂದಿವೆ ಎಂದಿತು. ಉಕ್ರೇನಿನ ಸಂಶೋಧಕರು ಜೀನೋಮ್ ಹೋಲಿಕೆಯಿಂದಲೇ ಇಂಥದ್ದನ್ನು ಮೊದಲಿಂದ ಹೇಳುತ್ತ ಬಂದಿದ್ದಾರೆ. ತೊಡಕು ಇರುವುದು ಹೋಲುವ ಜೀನುಗಳ ಸ್ವಭಾವದಲ್ಲಿ. ಮ್ಯಾಮ್-ಬಿ ಮತ್ತು ಮ್ಯಾಮ್-ಎಂ ಸೇರಿದ ಕುಟುಂಬದ ಪ್ರೋಟೀನುಗಳು ನಮ್ಮ ದೇಹದಲ್ಲಿ ಸತುವನ್ನು ಸಾಗಿಸುತ್ತವೆ. ಹರಳು ಕಟ್ಟುವ ಇನ್ನೊಂದು ಪ್ರೋಟೀನಾದ ಮ್ಯಾಮ್-ಇ ಸೇರಿದ ಕುಟುಂಬ ಕೆಟ್ಟ ಪ್ರೋಟೀನುಗಳನ್ನು ಕತ್ತರಿಸುವ, ಎಲ್ಲೆಡೆ ಕಾಣುವ ಕಿಣ್ವಗಳದು. ಮ್ಯಾಮ್-ಕೆ ನಮ್ಮ ಸ್ನಾಯುವಿನ ಆಕ್ಟಿನ್‌ಗೆ ದೂರದ ದಾಯಾದಿ. ಅಕ್ಕಿ, ಉದ್ದಿನಬೇಳೆ ಎಲ್ಲರ ಮನೆಯಲ್ಲೂ ಇರುತ್ತದೆ. ಹಾಗೆಂದು ಎಲ್ಲರ ಮನೆಯಲ್ಲೂ ಇವತ್ತು ದೋಸೆ ಹೊಯ್ದರೆಂದು ಹೇಳಲಾಗದು. ಬ್ಯಾಕ್ಟೀರಿಯಾಕ್ಕೇ ಮೀಸಲಾದ ಸಲಕರಣೆ ಯಾವುದೆಂದು ನೋಡಬೇಕು. ಅಂಥದ್ದೊಂದು ಇದೆ: ಕಬ್ಬಿಣದ ಎರಡು ಸ್ಥಿತಿಗಳ ಪ್ರಮಾಣವನ್ನು ಹದಗೊಳಿಸುವ ಮ್ಯಾಗ್ನಿಟೋಕ್ರೋಮ್ ಎಂಬ ಭಾಗ. 2013ರಲ್ಲಿ ಅದರ ರಚನೆ ಬಿಡಿಸಿದವರು ಅದು ಕಾಂತಬ್ಯಾಕ್ಟೀರಿಯಾಗಳಿಗೆ ವಿಶಿಷ್ಟವಾದದ್ದೆಂದೇ ಗುರುತಿಸಿದರು. ಪ್ರಾಣಿಯ ಜೀನೋಮಿನಲ್ಲಿ ಅದು ಸಿಕ್ಕಿದ್ದರೆ ನಾನು ಈ ಲೇಖನದ ಧಾಟಿಯನ್ನೇ ಬದಲಿಸುತ್ತಿದ್ದೆ.

ಮೈಟೊಕಾಂಡ್ರಿಯಾದ ಪೂರ್ವಜ ಒಂದು ಬ್ಯಾಕ್ಟೀರಿಯಾ ತಾನೆ, ಅದರ ಜೊತೆಯಲ್ಲೇ ಕಾಂತದ ಜೀನುಗಳೂ ನಮ್ಮ ಕೋಶಗಳಿಗೆ ಬಂದಿರಬಹುದಲ್ಲ ಎಂಬ ಊಹೆಯೂ ಇದೆ. ಊಹೆ ಚೆನ್ನಾಗಿದೆ. ಆದರೆ ಇದೇ ಜೀನುದ್ವೀಪ ಪ್ರಯೋಗಾಲಯದ ಬಾಟಲಿಯಲ್ಲಿ, ಬಳಕೆಯಿಲ್ಲದಿದ್ದಾಗ, ಕಣ್ಣೆದುರೇ ಕಳಚಿ ಹೋಗುವಂಥದ್ದು ಎಂಬುದನ್ನು ಆಗಲೇ ನೋಡಿದೆವು. ಮೈಟೊಕಾಂಡ್ರಿಯಾವೋ ನೂರು ಕೋಟಿ ವರ್ಷಕ್ಕೂ ಹೆಚ್ಚು ಕಾಲದಲ್ಲಿ ತನ್ನ ಜೀನುಗಳಲ್ಲಿ ಬಹುಪಾಲನ್ನು ಕಳೆದುಕೊಂಡು ಅಥವಾ ಕೋಶಕೇಂದ್ರಕ್ಕೆ ದಾಟಿಸಿ, ಮನುಷ್ಯನಲ್ಲಿ 37ಕ್ಕೆ ಇಳಿದಿದೆ. ಅಷ್ಟು ಸಡಿಲವಾದ ಗಂಟು ಅಷ್ಟು ಉದ್ದದ ಪಯಣದಲ್ಲಿ ಬಿಚ್ಚದೆ ಉಳಿಯಿತು ಎಂದು ಹೇಳುವವರೇ ಸಾಕ್ಷ್ಯ ಒದಗಿಸಬೇಕು. 2019ರಲ್ಲಿ ಮೆಡಿಟರೇನಿಯನ್ ತೀರದಿಂದ ಬಂದ ವರದಿಯೊಂದು ಇನ್ನೊಂದು ಸಾಧ್ಯತೆಯನ್ನು ಮುಂದಿಟ್ಟಿತು. ಅಲ್ಲಿನ ಕೆಸರಿನ ಏಕಕೋಶಜೀವಿಯೊಂದು ಅಯಸ್ಕಾಂತಕ್ಕೆ ಸೊಗಸಾಗಿ ಓಗೊಡುತ್ತದೆ. ಅದರ ಜೀವಕೋಶದಲ್ಲಿ ಕೇಂದ್ರವಿದೆ, ಅದು ನಮ್ಮ ಕಡೆಯ ಜೀವಿ. ಆದರೆ ಹರಳುಗಳು ಇರುವುದು ಅದರ ಮೈಮೇಲೆ ಒತ್ತಾಗಿ ಅಂಟಿಕೊಂಡಿರುವ ಬ್ಯಾಕ್ಟೀರಿಯಾಗಳೊಳಗೆ, ಹರಳಿನ ಜೀನೂ ಅವುಗಳದೇ. ಜೀವಿಯಲ್ಲಿ ಅಯಸ್ಕಾಂತವಿದೆ, ಅದರ ಜೀನು ಆ ಜೀವಿಯಲ್ಲಿಲ್ಲ. ಹೀಗೂ ಆಗಬಹುದು ಎಂದು ಮೊದಲು ಎಷ್ಟು ಜನ ಯೋಚಿಸಿದ್ದರು?

ಲೆಕ್ಕವನ್ನು ಮರೆತರೆ ಏನಾಗುತ್ತದೆ ಎಂಬುದಕ್ಕೆ 2015ರ ‘ಕಾಂತಪ್ರೋಟೀನು’ ನೆನಪಿಡಬೇಕಾದ ಪ್ರಸಂಗ. ಬೀಜಿಂಗ್‌ನ ಪೀಕಿಂಗ್ ವಿಶ್ವವಿದ್ಯಾಲಯದ ತಂಡ ನೊಣದ ಜೀನೋಮಿನಿಂದ ಹೆಕ್ಕಿದ ಒಂದು ಪ್ರೋಟೀನು, ಬೆಳಕಿಗೆ ಸ್ಪಂದಿಸುವ ಕ್ರಿಪ್ಟೋಕ್ರೋಮ್ ಎಂಬ ಪ್ರೋಟೀನಿನ ಜೊತೆ ಸೇರಿ ಕಡ್ಡಿಯಾಕಾರದ ಜೈವಿಕ ದಿಕ್ಸೂಚಿಯಾಗುತ್ತದೆ ಎಂದು ಪ್ರಕಟಿಸಿತು. ಪತ್ರಿಕೆಗಳು ಕಾಂತಜೀನು ಸಿಕ್ಕಿತೆಂದು ಸಾರಿದವು. ಕ್ಯಾಲ್ಟೆಕ್‌ನ ಮಾರ್ಕಸ್ ಮೈಸ್ಟರ್ ಮುಂದಿನ ವರ್ಷವೇ ಪೆನ್ನು ಹಿಡಿದು ಕೂತರು. ಆ ಇಡೀ ಜೋಡಣೆಯಲ್ಲಿರುವುದು 40 ಕಬ್ಬಿಣದ ಪರಮಾಣು. 50 ಲಕ್ಷ ಪರಮಾಣುಗಳ ಹರಳೊಂದೇ ಬಿಸಿಯ ಎದುರು ಸೋಲುವಾಗ 40 ಏನು ಮಾಡೀತು? ಭೂಕ್ಷೇತ್ರದ ಹಿಡಿತ ಉಷ್ಣತೆಯ ತಳಮಳಕ್ಕಿಂತ ಲಕ್ಷ ಪಟ್ಟಿನ ಆಸುಪಾಸಿನಲ್ಲಿ ಕಡಿಮೆ. ಕಬ್ಬಿಣದ ಉಗ್ರಾಣವಾದ ಫೆರಿಟಿನ್ನನ್ನು ನರಕೋಶದ ಬಾಗಿಲಿಗೆ ಹೊಲಿದು ಅಯಸ್ಕಾಂತದಿಂದ ಮಿದುಳನ್ನು ಆಡಿಸುತ್ತೇವೆಂದ 2016ರ ಇನ್ನೊಂದು ಪ್ರಯೋಗಕ್ಕೂ ಅವರ ಲೆಕ್ಕ ಅದೇ ಉತ್ತರ ಕೊಟ್ಟಿತು. 2020ರಲ್ಲಿ ಮೂರು ಪ್ರಯೋಗಾಲಯಗಳು ಅದನ್ನು ಮತ್ತೆ ಮಾಡಿ ನೋಡಿ ಫಲ ಕಾಣಲಿಲ್ಲವೆಂದು ವರದಿ ಮಾಡಿದವು. ಹಕ್ಕಿಗಳ ಕ್ರಿಪ್ಟೋಕ್ರೋಮ್‌ನ ಕತೆ ಬೇರೆ. ಅದು ಬೆಳಕು ಬಿದ್ದಾಗ ಎಲೆಕ್ಟ್ರಾನು ಜೋಡಿಗಳಲ್ಲಿ ನಡೆಯುವ ರಸಾಯನ, ಅಲ್ಲಿ ಹರಳೂ ಇಲ್ಲ, ಕಬ್ಬಿಣವೂ ಬೇಕಿಲ್ಲ. ಕಾಂತಪ್ರಜ್ಞೆಗೆ ಖನಿಜವೇ ಬೇಕೆಂಬ ಕಡ್ಡಾಯ ಇಲ್ಲದ ಮೇಲೆ, ಪ್ರಾಣಿ ದಿಕ್ಕು ಹಿಡಿಯುತ್ತದೆ ಎಂಬುದನ್ನೇ ಖನಿಜದ ಜೀನಿಗೆ ಪುರಾವೆ ಮಾಡಿಕೊಳ್ಳಲಾಗದು.

ಖನಿಜ ಪಕ್ಷದ ಕೈಯಲ್ಲಿ ನಿಜಕ್ಕೂ ಗಟ್ಟಿಯಾದ ಒಂದು ಸಾಕ್ಷ್ಯವಿದೆ, ಅದನ್ನು ಹೇಳದೆ ಹೋದರೆ ಅನ್ಯಾಯ. ಕ್ಷಣಮಾತ್ರದ ಪ್ರಬಲ ಕಾಂತಸ್ಪಂದ ಕೊಟ್ಟರೆ ವಲಸೆ ಹಕ್ಕಿಗಳ, ಸಮುದ್ರದ ಮುಳ್ಳುಸಿಗಡಿಗಳ ದಿಕ್ಕು ತಪ್ಪುತ್ತದೆ. ಬೆಳಕಿನ ರಸಾಯನಕ್ಕೆ ಇಂಥ ಸ್ಪಂದದ ನೆನಪು ಉಳಿಯುವುದಿಲ್ಲ. ಸ್ಥಿರ ಅಯಸ್ಕಾಂತಕ್ಕೆ ಉಳಿಯುತ್ತದೆ. ಆದ್ದರಿಂದ ಕೆಲವು ಪ್ರಾಣಿಗಳಲ್ಲಿ ಎಲ್ಲೋ ಒಂದು ಕಡೆ ಕಾಂತೀಯ ಹರಳು ಕೆಲಸಕ್ಕೆ ನಿಂತಿರುವ ಸಂಭವವನ್ನು ನಾನು ತಳ್ಳಿಹಾಕುವುದಿಲ್ಲ, ಇರಬಹುದೆಂದೇ ನನ್ನ ಅಂದಾಜು. ಆದರೆ ಸ್ಪಂದ ಹೇಳುವುದು ಹರಳಿನ ಬಗ್ಗೆ, ಅದರ ಹುಟ್ಟಿನ ಬಗ್ಗೆ ಅಲ್ಲ. 2017ರಲ್ಲಿ ಟ್ರೌಟ್ ಮೀನುಗಳಿಗೆ ಸ್ಪಂದ ಕೊಟ್ಟು ಮಿದುಳಿನಲ್ಲಿ ಯಾವ ಜೀನುಗಳ ಚಟುವಟಿಕೆ ಬದಲಾಯಿತೆಂದು ನೋಡಿದಾಗ 181 ಜೀನುಗಳು ಸಿಕ್ಕವು, ಫೆರಿಟಿನ್ನಿನವೂ ಇದ್ದವು. ಏಟು ಬಿದ್ದ ಮೇಲೆ ಎದ್ದ ಜೀನುಗಳು ಇವು. ರಿಪೇರಿಗೆ ಬಂದವರನ್ನು ಮನೆ ಕಟ್ಟಿದವರೆಂದು ತಿಳಿಯುವ ಅಪಾಯ ಇಲ್ಲಿದೆ.

ಇಷ್ಟು ಬಿಗಿ ಹಿಡಿದರೆ ಹೊಸ ಕ್ಷೇತ್ರ ಉಸಿರಾಡುವುದು ಹೇಗೆ ಎಂದು ಕೇಳುವವರಿಗೆ ಕೀಸ್ ತಂಡದ ಮುಂದಿನ ಹೆಜ್ಜೆಯನ್ನೇ ತೋರಿಸಬಹುದು. ಪಾರಿವಾಳದ ಕೊಕ್ಕನ್ನು ಕೈಬಿಟ್ಟ ಆ ತಂಡ 2013ರಲ್ಲಿ ಹಕ್ಕಿಯ ಒಳಗಿವಿಯ ರೋಮಕೋಶಗಳಲ್ಲಿ ಕೋಶಕ್ಕೊಂದರಂತೆ ಕಬ್ಬಿಣದ ಪುಟ್ಟ ಗುಂಡನ್ನು ಕಂಡಿತು. ಸರಿಯಾದ ಜಾಗ, ಸರಿಯಾದ ನರಕೋಶ, ಅಚ್ಚುಕಟ್ಟಾದ ಸಂಖ್ಯೆ. ಕಾಂತೇಂದ್ರಿಯ ಸಿಕ್ಕಿತೆಂದು ಘೋಷಿಸಲು ಇದಕ್ಕಿಂತ ಒಳ್ಳೆಯ ಸಂದರ್ಭ ಬೇರೊಂದಿರಲಿಲ್ಲ. ಅವರು ಘೋಷಿಸದೆ ಅಳೆಯಲು ಕೂತರು. ವಜ್ರದ ಹರಳಿನ ದೋಷಗಳನ್ನೇ ಸಂವೇದಕವಾಗಿ ಬಳಸುವ ಕ್ವಾಂಟಮ್ ತಂತ್ರದಿಂದ ಒಂದೊಂದು ಗುಂಡಿನ ಕಾಂತಗುಣವನ್ನು ಬಿಡಿಬಿಡಿಯಾಗಿ ಚಿತ್ರಿಸಿದ ವರದಿ 2021ರಲ್ಲಿ ಬಂತು: ಭೂಕ್ಷೇತ್ರದಲ್ಲಿ ತಿರುಗಿ ಕೋಶವನ್ನು ಎಳೆಯುವಷ್ಟು ಕಸುವು ಅವಕ್ಕಿಲ್ಲ. ಕಬ್ಬಿಣ ಕೂಡಿಡುವುದೋ ರೋಮಗಳಿಗೆ ಆಸರೆಯಾಗುವುದೋ ಅವುಗಳ ಕೆಲಸವಿರಬೇಕು. ಅದೇ ತಂಡ ಈ ನಡುವೆ ಒಳಗಿವಿಯ ಅರ್ಧಚಂದ್ರ ನಾಳಗಳ ದ್ರವದಲ್ಲಿ ಹುಟ್ಟುವ ವಿದ್ಯುತ್ತಿನ ಮೂಲಕ ಪಾರಿವಾಳ ಕಾಂತಕ್ಷೇತ್ರವನ್ನು ಗ್ರಹಿಸಬಹುದೆಂಬ ಹೊಸ ದಾರಿಯನ್ನೂ ತೆರೆದಿಟ್ಟಿತು. ಬಿಗಿಯಿಂದ ಕ್ಷೇತ್ರ ಬಡವಾದದ್ದು ಕಾಣುವುದಿಲ್ಲ.

ಸಾಲ್ಮನ್ ವಿಷಯದಲ್ಲಿ ಮಾಡಬೇಕಾದ ಕೆಲಸವೂ ಈಗ ಕೈಗೆಟಕುವಂಥದ್ದೇ. ಪಟ್ಟಿಯಲ್ಲಿರುವ ಜೀನುಗಳನ್ನು ಕ್ರಿಸ್ಪರ್ ಕತ್ತರಿಯಿಂದ ಒಂದೊಂದಾಗಿ ತೆಗೆದ ಮೀನುಗಳನ್ನು ಬೆಳೆಸಬೇಕು. ಘ್ರಾಣಪೊರೆಯನ್ನು ಲೋಹವಿಲ್ಲದ ಕತ್ತಿಯಿಂದ, ದೂಳು ಸೋಸಿದ ಕೋಣೆಯಲ್ಲಿ ಬಿಡಿಸಿ ಹರಳುಗಳನ್ನು ಎಣಿಸಬೇಕು. ಸತುವಿನ ಸಾಗಣೆ ಕೆಟ್ಟು ಮೀನೇ ಬಡಕಲಾದರೆ ಅದನ್ನು ಕಾಂತದ ಲೆಕ್ಕಕ್ಕೆ ಬರೆಯಬಾರದು; ಮೀನು ಗಟ್ಟಿಮುಟ್ಟಾಗಿದ್ದು, ಹರಳು ಮಾತ್ರ ಇಲ್ಲವಾಗಿ, ಸ್ಪಂದ ಕೊಟ್ಟರೂ ಅದರ ದಿಕ್ಕು ತಪ್ಪದೆ ಹೋದರೆ ಆಗ ಬೆನ್ನೆಲುಬಿನ ಪ್ರಾಣಿಯಲ್ಲಿ ಮೊದಲ ಕಾಂತಖನಿಜದ ಜೀನು ಸಿಕ್ಕಿತೆಂದು ಬರೆಯಬಹುದು.